ನೀರು ಬಾರದಿದ್ದರೆ ಯಾರ ಬಾಗಿಲು ಬಡಿಯಬೇಕು?

ಚೌತಿಗೆ ಊರಿಗೆ ಹೊರಡುವ ತಯಾರಿ ನಡೆದಿತ್ತು. ಟಿಕೆಟ್ ಆಗಿತ್ತು, ಮುಂಬೈಯ ದಾದರಿಗೆ ಹೋಗಿ ಹಬ್ಬದ ಸಾಮಾನೂ ತಂದಾಗಿತ್ತು. ಅಷ್ಟರಲ್ಲಿ ತಮ್ಮನ ಫೋನ್. “ಅಣ್ಣಾ, ಒಂದೆರಡ ದಿನ ತಡದ ಬಾ. ನಳಾ ಬಂದ ಎಂಟೊಂಬತ್ತ ದಿನಾ ಆತು. ಸಣ್ಣ ಹುಡುಗರನ್ನ ಕರ್ಕೊಂಡ ಬಂದ್ರ ವೈನಿಗೆ ತ್ರಾಸ ಆಕ್ಕೈತಿ.”

ಹಬ್ಬಕ್ಕೆ ಬಾ ಎಂದು ಜುಲುಮೆ ಮಾಡುವ ತಮ್ಮ ತಡೆದು ಬಾ ಎಂದದ್ದು ನನಗೆ ಚುಚ್ಚಿತು. ಅದೇನು ಬರಗಾಲದ ವರ್ಷವಲ್ಲ. ಮಳೆ ಧಾರಾಳ ಆಗಿತ್ತು, ನವಿಲುತೀರ್ಥದ ಜಲಾಶಯ ತುಂಬಿತ್ತು. ನೀರಿದ್ದೂ ನಳ ಬರಲಿಲ್ಲ. ಯಾಕೆ ಎಂದು ಕೇಳಲು ತಮ್ಮ ಎರಡು ದಿನ ಓಡಾಡಿದ್ದ. ಊರಿನ ಹೆಸರು ಬೇಡ. ಮಲಪ್ರಭೆಯ ನೀರು ಕುಡಿಯುವ ಊರುಗಳಲ್ಲಿ ಅದೂ ಒಂದು.

ಮೊದಲು ವಾರ್ಡಿನ ಮೆಂಬರ್ ಮನೆಗೆ ಹೋದ. ಆತ ಒಳ್ಳೆಯ ಮನುಷ್ಯ, ಚಹಾ ಕುಡಿಸಿದ, “ನೀರು ಈಗ ನಮ್ಮ ಕೈಯಾಗ ಇಲ್ರೀ, ಕಂಪನಿಗೆ ಕೊಟ್ಟಾರ” ಅಂದ. ಕಂಪನಿಯ ಆಫೀಸಿನಲ್ಲಿ ಕೂತ ಹುಡುಗ, ಮೇಲಿನಿಂದಲೇ ನೀರು ಬಂದಿಲ್ಲ, ರಾಜ್ಯದ ನೀರು ಸರಬರಾಜು ಬೋರ್ಡಿನವರನ್ನು ಕೇಳಿ ಅಂದ. ಬೋರ್ಡಿನ ಇಂಜಿನಿಯರ್, ಜಲಾಶಯದಿಂದ ನೀರೆತ್ತುವ ಜಾಕ್‌ವೆಲ್‌ನಲ್ಲಿ ಕರೆಂಟ್ ಮೇಲಿಂದ ಮೇಲೆ ಟ್ರಿಪ್ ಆಗುತ್ತಿದೆ, ವಿದ್ಯುತ್ ಕಂಪನಿಗೆ ಪತ್ರ ಬರೆದಿದ್ದೇವೆ ಅಂದರು. ಜತೆಗೆ ಕೇಂದ್ರದ ಅಮೃತ್ ಯೋಜನೆಯಲ್ಲಿ ಹೊಸ ಪೈಪ್ ಹಾಕಲು ರಸ್ತೆ ಅಗೆದವರು ಹಳೆಯ ಪೈಪನ್ನೂ ಒಡೆದಿದ್ದಾರೆ, ಅದರ ರಿಪೇರಿ ಅವರ ಗುತ್ತಿಗೆದಾರನೇ ಮಾಡಬೇಕು ಅಂದರು. ಹೀಗೆ ಪಾಲಿಕೆ, ರಾಜ್ಯದ ಬೋರ್ಡು, ರಾಜ್ಯದ್ದೇ ವಿದ್ಯುತ್ ಕಂಪನಿ, ಕೇಂದ್ರದ ಯೋಜನೆ, ನಡುವೆ ಒಂದು ಖಾಸಗಿ ಸಂಸ್ಥೆ. ಒಬ್ಬರೂ ಸುಳ್ಳು ಹೇಳಲಿಲ್ಲ, ಎಲ್ಲರ ಮಾತೂ ನಿಜವೇ. ನನ್ನ ತಮ್ಮ ಮಾತ್ರ ಖಾಲಿ ಕೊಡಗಳ ಮನೆಗೆ ವಾಪಸು ಬಂದ.

ನಾನಿರುವುದು ಮುಂಬೈಯ ಉಪನಗರದಲ್ಲಿ. ಒಮ್ಮೆ ನಮ್ಮ ಸೊಸೈಟಿಗೂ ನೀರಿನ ರಭಸ ಕಡಿಮೆಯಾಗುತ್ತ ಬಂತು. ನಸುಕಿನಲ್ಲಿ ಬರುವ ನೀರು ಕೆಳಗಿನ ಟ್ಯಾಂಕಿಯ ಅರ್ಧಕ್ಕೂ ಏರುತ್ತಿರಲಿಲ್ಲ. ಸೆಕ್ರೆಟರಿಯ ಜತೆ ನಾನೂ ವಾರ್ಡ್ ಆಫೀಸಿಗೆ ಹೋದೆ. ನೀರಿನ ವಿಭಾಗದ ಸಹಾಯಕ ಇಂಜಿನಿಯರ್ ನಮ್ಮ ಓಣಿಯ ನಕ್ಷೆಯನ್ನು ಮೇಜಿನ ಮೇಲೆ ಹರಡಿದರು. ಮುಖ್ಯ ಪೈಪ್ ಎಲ್ಲಿಂದ ಕವಲೊಡೆಯುತ್ತದೆ, ಯಾವ ವಾಲ್ವು ಎಷ್ಟು ಹೊತ್ತಿಗೆ ತೆರೆಯುತ್ತದೆ ಎಂದು ಬೆರಳಿಟ್ಟು ತೋರಿಸಿದರು. ವಾಲ್ವು ತೆರೆಯುವ ಚಾವಿವಾಲಾನನ್ನು ಅಲ್ಲೇ ಕರೆಸಿ ವಿಚಾರಿಸಿದರು. ಮರುದಿನ ನಸುಕಿನಲ್ಲಿ ಇಬ್ಬರು ಬಂದು, ಉದ್ದನೆಯ ಕಬ್ಬಿಣದ ಸರಳನ್ನು ರಸ್ತೆಗೆ ಊರಿ, ಅದರ ಮೇಲ್ತುದಿಗೆ ಕಿವಿಯಿಟ್ಟು ನೆಲದೊಳಗೆ ನೀರು ಸೋರುವ ಸದ್ದು ಹುಡುಕುತ್ತ ಓಣಿಯುದ್ದಕ್ಕೂ ನಡೆದರು. ಗಟಾರದ ಪಕ್ಕದಲ್ಲೇ ಸೋರಿಕೆ ಸಿಕ್ಕಿತು. ಅಗೆದರು, ಕೂಡಿಸಿದರು, ಮುಚ್ಚಿದರು. ಅದು ನಮ್ಮ ಕೆಲಸವಲ್ಲ, ಇನ್ನೊಬ್ಬರದು ಎಂಬ ಮಾತು ಎಲ್ಲೂ ಬರಲಿಲ್ಲ.

ಯಾಕೆ ಬರಲಿಲ್ಲವೆಂದರೆ ಇಲ್ಲಿ ಇನ್ನೊಬ್ಬರು ಇಲ್ಲ. ಮುಂಬೈಯ ನೀರು ಮುಂಬೈ ಪಾಲಿಕೆಯದು. 1860ರ ವಿಹಾರ್ ಕೆರೆ, 1892ರ ತಾನ್ಸಾ, ಆಮೇಲಿನ ಮೋಡಕ್ ಸಾಗರ, ಅಲ್ಲಿಂದ ಬರುವ ದೈತ್ಯ ಪೈಪುಗಳು, ಭಾಂಡೂಪಿನ ಶುದ್ಧೀಕರಣ ಘಟಕ, ಓಣಿಯ ವಾಲ್ವು, ಮನೆಯ ಮೀಟರು, ಬಿಲ್ಲು ಎಲ್ಲ ಒಂದೇ ಕೈಯಲ್ಲಿವೆ. 2014ರಲ್ಲಿ ಬಳಕೆಗೆ ಬಂದ ಮಧ್ಯ ವೈತರಣಾ ಅಣೆಕಟ್ಟು ನೂರು ಮೀಟರಿಗೂ ಎತ್ತರದ್ದು. ಅದನ್ನು ಕಟ್ಟಿಸಿದ್ದು ರಾಜ್ಯವಲ್ಲ, ಕೇಂದ್ರವಲ್ಲ, ಒಂದು ನಗರದ ಪಾಲಿಕೆ. ಭಾತ್ಸಾ ಅಣೆಕಟ್ಟು ರಾಜ್ಯದ್ದು, ಅಲ್ಲಿಂದ ಪಾಲಿಕೆ ದುಡ್ಡು ಕೊಟ್ಟು ನೀರು ತರುತ್ತದೆ. ಆದರೆ ಆ ಲೆಕ್ಕ ಅವರವರ ನಡುವಿನದು, ನಳ ತಿರುಗಿಸುವವನ ಮನೆಬಾಗಿಲಿಗೆ ಅದು ಬರುವುದಿಲ್ಲ. ಕೆಂಪು ಬಸ್ಸು ಓಡಿಸುವ ಬೆಸ್ಟ್ ಕೂಡ 1947ರಿಂದ ಪಾಲಿಕೆಯದೇ. ಪಾಲಿಕೆಯ ಶಾಲೆಗಳಲ್ಲಿ ಕನ್ನಡ ಮಾಧ್ಯಮವೂ ಇದೆ ಎಂಬುದು ಊರಿನ ಎಷ್ಟೋ ಜನಕ್ಕೆ ಗೊತ್ತಿಲ್ಲ. ಶಾಲೆ ನಗರದ್ದು, ಮಕ್ಕಳ ಕೈಯಲ್ಲಿನ ಕನ್ನಡ ಪಠ್ಯಪುಸ್ತಕ ಮಹಾರಾಷ್ಟ್ರ ಸರಕಾರದ ಬಾಲಭಾರತಿಯದು. ಪರಭಾಷೆಯ ಮಕ್ಕಳ ವಿಷಯದಲ್ಲಿ ಎರಡು ಸರಕಾರಗಳು ಇಷ್ಟು ಸದ್ದಿಲ್ಲದೆ ಕೆಲಸ ಹಂಚಿಕೊಂಡಿರುವುದನ್ನು ನೆನೆದಾಗಲೆಲ್ಲ ಈ ನಗರದ ಮೇಲೆ ನನಗೆ ಮಮತೆ ಉಕ್ಕುತ್ತದೆ.

ಇದಕ್ಕೆಲ್ಲ ಮೂಲ ದುಡ್ಡು. ಊರೊಳಗೆ ಬರುವ ಸರಕಿನ ಮೇಲಿನ ಜಕಾತಿಯನ್ನು ನಮ್ಮ ಕರ್ನಾಟಕ 1979ರಲ್ಲೇ ತೆಗೆದುಹಾಕಿತು. ವ್ಯಾಪಾರಸ್ಥರು ಸಂತೋಷಪಟ್ಟರು, ಅದು ಸಹಜ. ಆದರೆ ಅಂದಿನಿಂದ ನಮ್ಮ ಪುರಸಭೆ, ನಗರಸಭೆಗಳು ಬೆಂಗಳೂರಿನ ಅನುದಾನಕ್ಕೆ ಕೈಯೊಡ್ಡಬೇಕಾಯಿತು. ಮುಂಬೈಯಲ್ಲಿ ಮುಲುಂದ್, ದಹಿಸರ್ ನಾಕಾಗಳಲ್ಲಿ 2017ರವರೆಗೂ ಜಕಾತಿ ವಸೂಲಾಗುತ್ತಿತ್ತು. ಜಿಎಸ್‌ಟಿ ಬಂದು ಅದು ನಿಂತಾಗ, ಆ ಮೊತ್ತವನ್ನು ರಾಜ್ಯ ಸರಕಾರ ತಿಂಗಳು ತಿಂಗಳು ತುಂಬಿಕೊಡಬೇಕು ಎಂದು ಕಾಯ್ದೆಯೇ ಆಯಿತು. ಸ್ವಂತ ಆದಾಯ ಇದ್ದವನು ಚೌಕಾಸಿ ಮಾಡಬಲ್ಲ. ನಮ್ಮ ಮೆಂಬರ್ ಯಾವುದರ ಬಲದ ಮೇಲೆ ಮಾಡಬೇಕು?

ಕರ್ನಾಟಕದ ಎಲ್ಲ ಪಕ್ಷಗಳ ಮೇಲೂ ನನಗೆ ಇದೇ ಸಿಟ್ಟು. ರಾಜ್ಯಗಳ ಹಕ್ಕಿನ ಬಗ್ಗೆ ದೆಹಲಿಯ ಮುಂದೆ ಗಟ್ಟಿಯಾಗಿ ಮಾತಾಡುವ ವಿಧಾನಸೌಧ, ತನ್ನ ಕೆಳಗಿನ ಊರುಗಳಿಗೆ ಅದೇ ಹಕ್ಕನ್ನು ಕೊಡುವುದಿಲ್ಲ. ಬೆಂಗಳೂರನ್ನೇ ನೋಡಿ. ನೀರಿಗೆ 1964ರ ಜಲಮಂಡಳಿ, ಬಡಾವಣೆಗೆ ಬಿಡಿಎ, ಬಸ್ಸಿಗೆ ಬಿಎಂಟಿಸಿ, ದೀಪಕ್ಕೆ ಬೆಸ್ಕಾಂ, ಎಲ್ಲವೂ ರಾಜ್ಯದವು. ಪಾಲಿಕೆಗೆ ಉಳಿದದ್ದು ಕಸ ಮತ್ತು ರಸ್ತೆಗುಂಡಿ. 2020ರ ಸೆಪ್ಟೆಂಬರಿನಲ್ಲಿ ಬಿಬಿಎಂಪಿ ಸದಸ್ಯರ ಅವಧಿ ಮುಗಿಯಿತು, ಆಮೇಲೆ ಚುನಾವಣೆಯೇ ಆಗಲಿಲ್ಲ. 2025ರಲ್ಲಿ ಅದನ್ನು ಐದು ಪಾಲಿಕೆಗಳಾಗಿ ಒಡೆದು, ಮೇಲೆ ಗ್ರೇಟರ್ ಬೆಂಗಳೂರು ಪ್ರಾಧಿಕಾರ ಕೂರಿಸಿದರು. ಅದರ ಅಧ್ಯಕ್ಷರು ಯಾರು? ಮುಖ್ಯಮಂತ್ರಿಗಳೇ. 74ನೇ ತಿದ್ದುಪಡಿ 1993ರಲ್ಲಿ ಜಾರಿಗೆ ಬಂದಾಗ ನಗರಗಳಿಗೆ ಒಪ್ಪಿಸಬಹುದಾದ 18 ವಿಷಯಗಳ ಪಟ್ಟಿಯನ್ನೇ ಸಂವಿಧಾನಕ್ಕೆ ಸೇರಿಸಲಾಯಿತು, ಕುಡಿಯುವ ನೀರೂ ಅದರಲ್ಲಿದೆ. ಪಟ್ಟಿ ಪುಸ್ತಕದಲ್ಲೇ ಉಳಿದಿದೆ.

ಗೋವಾಕ್ಕೆ ಹರಿಯುವ ಮಹದಾಯಿ ನದಿಯ ಮಾತು ಎತ್ತದಿದ್ದರೆ ನಮ್ಮ ಸೀಮೆಯವರು ನನ್ನನ್ನು ಕ್ಷಮಿಸುವುದಿಲ್ಲ. ಅದರ ಹಳ್ಳಗಳಾದ ಕಳಸಾ ಬಂಡೂರಿಯಿಂದ ಮಲಪ್ರಭೆಗೆ 3.9 ಟಿಎಂಸಿ ನೀರು ಬರಲೇಬೇಕು, ಅದರಲ್ಲಿ ಎರಡು ಮಾತಿಲ್ಲ. ನ್ಯಾಯಮಂಡಳಿ 2018ರಲ್ಲಿ ತೀರ್ಪು ಕೊಟ್ಟಿತು, ಕೇಂದ್ರ 2020ರಲ್ಲಿ ಅದನ್ನು ಗೆಜೆಟಿನಲ್ಲಿ ಹಾಕಿತು. ಅದಾದ ಮೇಲೂ ಅರಣ್ಯದ ಅನುಮತಿ ಎಂದು, ಗೋವಾದ ತಕರಾರು ಎಂದು ವರ್ಷಗಳು ಹೋದವು. ಇದು ಕೇಂದ್ರ ಮತ್ತು ಎರಡು ರಾಜ್ಯಗಳ ನಡುವಿನ ಜಗಳ, ಅಲ್ಲಿ ಹೋರಾಡುವುದು ಸರಿಯೇ. ಆದರೆ ಓಣಿಯಲ್ಲಿ ಒಡೆದ ಪೈಪಿಗೂ ಮಹದಾಯಿಯ ಹೆಸರು ಹೇಳಿದರೆ ನನಗೆ ತಡೆಯಲಾಗುವುದಿಲ್ಲ. ತಮ್ಮನಿಗೆ ಒಬ್ಬರು ಹಾಗೂ ಹೇಳಿದ್ದರು. ಅಂದು ಜಲಾಶಯ ತುಂಬಿತ್ತು ಎಂಬುದನ್ನು ಮರೆಯಬಾರದು.

ಇಷ್ಟು ಬರೆದ ಮೇಲೆ ಮುಂಬೈಯ ಬಗ್ಗೆ ಇರುವುದನ್ನೂ ಹೇಳಬೇಕು, ಹೇಳಲು ಮನಸ್ಸು ಹಿಂದೇಟು ಹಾಕಿದರೂ. ನಮ್ಮ ಓಣಿಯ ಸೋರಿಕೆ ರಿಪೇರಿಯಾದಾಗ ವಾರ್ಡಿಗೆ ನಗರಸೇವಕರೇ, ಅಂದರೆ ಆರಿಸಿ ಬಂದ ಮೆಂಬರೇ, ಇರಲಿಲ್ಲ. 227 ಸದಸ್ಯರ ಪಾಲಿಕೆಯ ಅವಧಿ 2022ರ ಮಾರ್ಚಿನಲ್ಲಿ ಮುಗಿದು, ಮೂರು ವರ್ಷಕ್ಕೂ ಹೆಚ್ಚು ಕಾಲ ರಾಜ್ಯ ನೇಮಿಸಿದ ಆಡಳಿತಾಧಿಕಾರಿಯೇ ಎಲ್ಲ ನಡೆಸಿದರು. 1888ರ ಮುಂಬೈ ಪಾಲಿಕೆ ಕಾಯ್ದೆಯ ಕಾಲದಿಂದಲೂ ಇಲ್ಲಿ ಆಯುಕ್ತರದೇ ದರಬಾರು, ಆಯುಕ್ತರನ್ನು ಕಳಿಸುವುದು ರಾಜ್ಯ. ಗೋವಂಡಿ, ಮಾನಖುರ್ದಿನ ಗುಡಿಸಲುಗಳಲ್ಲಿ ನಕ್ಷೆ ಹರಡಿ ತೋರಿಸುವ ಇಂಜಿನಿಯರ್ ಸಿಗುವುದಿಲ್ಲ, ಅಲ್ಲಿ ಟ್ಯಾಂಕರಿಗೆ ದುಡ್ಡು ತೆತ್ತು ಕುಡಿಯುವವರಿದ್ದಾರೆ. ಮುಂಬೈಗೆ ನೀರು ಕೊಡುವ ಶಹಾಪುರ ತಾಲೂಕಿನ ಹಳ್ಳಿಗಳು ಬೇಸಿಗೆ ಬಂದರೆ ತಾವೇ ಟ್ಯಾಂಕರ್ ಕಾಯುತ್ತವೆ. ನಗರಕ್ಕೆ ಬಲ ಇದ್ದುದರಿಂದ ನೀರು ಬಂತು. ಹಳ್ಳಿಗೆ ಆ ಬಲ ಇರಲಿಲ್ಲ.

ರೈಲ್ವೆಯ ಜತೆ ಪಾಲಿಕೆಯ ಸಂಬಂಧವಂತೂ ಹೇಳಲಾಗದು. ಅಂಧೇರಿಯ ಗೋಖಲೆ ಸೇತುವೆಯ ಕಾಲುದಾರಿ 2018ರ ಜುಲೈಯಲ್ಲಿ ಹಳಿಯ ಮೇಲೆ ಕುಸಿಯಿತು. 2022ರ ನವೆಂಬರಿನಲ್ಲಿ ಸೇತುವೆಯನ್ನೇ ಮುಚ್ಚಿದರು. ಹೊಸ ಸೇತುವೆಯ ಒಂದು ಬದಿ 2024ರ ಫೆಬ್ರವರಿಯಲ್ಲಿ ತೆರೆದಾಗ, ಪಕ್ಕದ ಬರ್ಫಿವಾಲಾ ಮೇಲ್ಸೇತುವೆಗೂ ಅದಕ್ಕೂ ಎತ್ತರವೇ ಕೂಡಲಿಲ್ಲ. ಹಳಿಯ ಮೇಲೆ ಇಷ್ಟು ಎತ್ತರ ಬೇಕೆಂಬ ರೈಲ್ವೆಯ ಹೊಸ ನಿಯಮದಿಂದ ಸೇತುವೆ ಮೇಲೇರಿತ್ತು, ಪಾಲಿಕೆಯ ಹಳೆಯ ಮೇಲ್ಸೇತುವೆ ಕೆಳಗೇ ಉಳಿದಿತ್ತು. ಜಾಕ್ ಹಚ್ಚಿ ಅದನ್ನು ಎತ್ತಿ ಕೂಡಿಸಲು ಇನ್ನೂ ತಿಂಗಳುಗಳು ಹಿಡಿದವು. ಅಷ್ಟು ದಿನ ಪೂರ್ವದಿಂದ ಪಶ್ಚಿಮಕ್ಕೆ ಹೋಗುವವರು ಸುತ್ತಿ ಬಳಸಿ ಹೈರಾಣಾದರು. ಕೇಂದ್ರದ ಇಲಾಖೆ ನಡುವೆ ಬಂದಲ್ಲಿ ಮುಂಬೈಯೂ ನಮ್ಮ ಊರಿನ ಹಾಗೆಯೇ.

ಒಪ್ಪಲು ಇನ್ನೊಂದಿದೆ, ಇದು ನನ್ನ ನಾಡಿನ ಪರವಾಗಿ. ದೇಶಕ್ಕೆಲ್ಲ ಪಂಚಾಯತಿ ತಿದ್ದುಪಡಿ ಬರುವ ಮುಂಚೆಯೇ, 1983ರ ಕಾಯ್ದೆ ತಂದು 1987ರಲ್ಲಿ ಜಿಲ್ಲಾ ಪರಿಷತ್ತುಗಳಿಗೆ ಚುನಾವಣೆ ನಡೆಸಿದ್ದು ಕರ್ನಾಟಕ. ಮಹಿಳೆಯರಿಗೆ ಶೇಕಡ 25 ಮೀಸಲು ಅದರಲ್ಲೇ ಇತ್ತು. ಪರಿಷತ್ತಿನ ಅಧ್ಯಕ್ಷರಿಗೆ ರಾಜ್ಯ ಸಚಿವರ ದರ್ಜೆ, ಜಿಲ್ಲಾಧಿಕಾರಿಗಿಂತ ಹಿರಿಯ ಅಧಿಕಾರಿ ಅವರ ಕೈಕೆಳಗೆ. ಅದನ್ನು ಮಾಡಿದ ಮಂತ್ರಿ ಅಬ್ದುಲ್ ನಜೀರ್ ಸಾಬ್ ಹಳ್ಳಿಹಳ್ಳಿಗೆ ಬೋರ್‌ವೆಲ್ ಹಾಕಿಸಿ ‘ನೀರ್ ಸಾಬ್’ ಎನಿಸಿಕೊಂಡವರು. ನೀರನ್ನೂ ಅಧಿಕಾರವನ್ನೂ ಒಟ್ಟಿಗೆ ಕೆಳಗಿಳಿಸಿದ ನಾಡು ನಮ್ಮದು. ಮುಂಬೈಯಿಂದ ಕಲಿಯುವ ಅಗತ್ಯವೂ ನಮಗಿಲ್ಲ, ನಮ್ಮದನ್ನೇ ನೆನಪಿಟ್ಟುಕೊಂಡರೆ ಸಾಕಿತ್ತು. ಅದೇ ಕರ್ನಾಟಕದಲ್ಲಿ ಜಿಲ್ಲಾ ಪಂಚಾಯತಿಗಳ ಅವಧಿ 2021ರಲ್ಲಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾವಣೆ ನಡೆಸದೆ ಕೂತರು. ಮೊದಲು ಬಾಕಿ ಇರುವ ಚುನಾವಣೆ ಮಾಡಲಿ. ಆಮೇಲೆ ಒಂದೊಂದು ಊರಿನ ನೀರನ್ನೂ, ಜಾಕ್‌ವೆಲ್‌ನಿಂದ ಬಿಲ್ಲಿನವರೆಗೆ, ಅದರ ಇಂಜಿನಿಯರುಗಳ ಸಮೇತ, ಆ ಊರು ಆರಿಸಿದ ಪಾಲಿಕೆಗೆ ವಾಪಸು ಕೊಡಲಿ.