ಸಿನಿಮಾ ಉಳಿಯಿತು, ನೊಟೇಶನ್ ಕಸಕ್ಕೆ ಹೋಯಿತು

‘ಸಿಂಗಿಂಗ್ ಇನ್ ದ ರೇನ್’ ಅಂದರೆ ಎಲ್ಲರಿಗೂ ನೆನಪಾಗೋದು ಮಳೆಯಲ್ಲಿ ಕೊಡೆ ಮಡಚಿಕೊಂಡು ಕುಣಿಯುವ ಜೀನ್ ಕೆಲ್ಲಿ. ಆದರೆ ಆ ಹಾಡು 1952ರ ಅದೇ ಹೆಸರಿನ ಸಿನಿಮಾಗೆ ಅಂತ ಹುಟ್ಟಿದ್ದಲ್ಲ, 1929ರದ್ದು. ಶುರುವಿನ ಆ ‘ಡೂ ಡೂ ಡೂ’ ಮೂಲ ಹಾಡಿನಲ್ಲಿ ಇರಲೇ ಇಲ್ಲ. ಸಂಗೀತಗಾರ ರೋಜರ್ ಈಡನ್ಸ್ ಆಮೇಲೆ ಸೇರಿಸಿದ್ದು. ಈಗ ಗುನುಗುವವರೆಲ್ಲ ಅಲ್ಲಿಂದಲೇ ಶುರು ಮಾಡ್ತಾರೆ, ಅಲ್ವಾ? ಅರೇಂಜ್‌ಮೆಂಟ್‌ನ ತಾಕತ್ತು ಅದು; ಅಂದರೆ ಇದ್ದ ರಾಗವನ್ನು ಹೇಗೆ ಹಾಡಬೇಕು, ಯಾವ ವಾದ್ಯ ಏನು ನುಡಿಸಬೇಕು ಅಂತ ಹೊಂದಿಸಿ ಬರೆಯುವ ಕೆಲಸದ್ದು.

ಇಂಥ ಕೆಲಸವೆಲ್ಲ ಇದ್ದ ಕಾಗದಗಳನ್ನು ಆ ಸಿನಿಮಾ ಮಾಡಿದ ಹಾಲಿವುಡ್‌ನ ಎಂಜಿಎಂ ಸ್ಟುಡಿಯೋ 1969ರ ಹೊತ್ತಿಗೆ ಕಸಕ್ಕೆ ಹಾಕಿತು. ಪೂರ್ತಿ ಸ್ಕೋರು (ಎಲ್ಲ ವಾದ್ಯಗಳ ನೊಟೇಶನ್, ಅಂದರೆ ಸ್ವರಲಿಪಿ, ಒಟ್ಟಿಗೆ ಇರುವ ಪ್ರತಿ), ಒಬ್ಬೊಬ್ಬ ವಾದಕನ ಹಾಳೆ, ಎಲ್ಲ ಹೋಯಿತು. ಉಳಿದದ್ದು ಪಿಯಾನೋಗೆ ಅಂತ ಇಳಿಸಿ ಬರೆದ ಚುಟುಕು ಸ್ಕೋರುಗಳು ಮಾತ್ರ.

ಇಂಗ್ಲೆಂಡಿನ ಗೇಟ್ಸ್‌ಹೆಡ್‌ನಲ್ಲಿ 1972ರಲ್ಲಿ ಹುಟ್ಟಿದ, ಆರ್ಕೆಸ್ಟ್ರಾ ನಡೆಸುವ ಕಂಡಕ್ಟರ್ ಜಾನ್ ವಿಲ್ಸನ್ ಅದನ್ನೆಲ್ಲ ಮತ್ತೆ ಬರೆಯೋಕೆ ಕೂತರು. ಸಿನಿಮಾ ಹಾಕೋದು, ಕೇಳೋದು, ನಿಲ್ಲಿಸೋದು, ಬರೆಯೋದು. ಸುಮ್ನೆ ಮಾತಲ್ಲ ಇದು. ಸೌಂಡ್‌ಟ್ರ್ಯಾಕಿನಲ್ಲಿ ಸಂಗೀತದ ಮೇಲೆ ಮಳೆ ಸದ್ದು ಇರುತ್ತದೆ, ಟ್ಯಾಪ್ ಶೂಗಳ ಟಕಟಕ ಇರುತ್ತದೆ, ಮಧ್ಯೆ ಡೈಲಾಗ್ ಬೇರೆ. ಮೇಲಿನ ರಾಗ ಯಾರಿಗಾದರೂ ಸಿಗುತ್ತದೆ. ಒಳಗೆ ಎರಡನೇ ಕ್ಲಾರಿನೆಟ್ ಏನು ನುಡಿಸುತ್ತಿದೆ, ವಯೋಲಾ ಯಾವ ಸ್ವರ ಹಿಡಿದಿದೆ ಅಂತ ಹೇಗೆ ಪತ್ತೆ ಮಾಡೋದು? ಕೆಲವೇ ಸೆಕೆಂಡುಗಳ ಸಂಗೀತಕ್ಕೆ ಇಡೀ ದಿನ ಹೋಗಿದ್ದೂ ಉಂಟು. 2009ರ ಆಗಸ್ಟ್‌ನಲ್ಲಿ ಬಿಬಿಸಿ ಪ್ರಾಮ್ಸ್ ಸಂಗೀತೋತ್ಸವಕ್ಕಾಗಿ ಲಂಡನ್ನಿನ ರಾಯಲ್ ಆಲ್ಬರ್ಟ್ ಹಾಲ್‌ನಲ್ಲಿ ಅವರ ಆರ್ಕೆಸ್ಟ್ರಾ ಇದನ್ನೆಲ್ಲ ನುಡಿಸಿತು.

ರೆಕಾರ್ಡಿಂಗ್ ಇದೆಯಲ್ಲ, ಇಷ್ಟು ಒದ್ದಾಟ ಯಾಕೆ ಅನ್ನೋರಿದ್ದಾರೆ. ನನಗೆ ಈ ವಾದ ಹಿಡಿಸೋದಿಲ್ಲ. ರೆಕಾರ್ಡ್ ಅಂದರೆ ಯಾವತ್ತೋ ಒಂದು ದಿನ ನುಡಿಸಿ ಮುಗಿಸಿದ್ದು. ಕಾಗದ ಇದ್ದರೆ ಇವತ್ತಿನ ಹುಡುಗರೂ ಕೂತು ನುಡಿಸಬಹುದು. ಅಲ್ಲಲ್ಲಿ ವಿಲ್ಸನ್ ಊಹೆಯೂ ಸೇರಿರುತ್ತದೆ, ಇರಲಿ. ಅಷ್ಟು ಕೇಳಿದ ಕಿವಿಯ ಊಹೆ ತಾನೇ.

ನನ್ನ ಸಿಟ್ಟು ಬೇರೆ ಕಡೆ ಇದೆ. ಹಾಡುಗಾರ ಗೊತ್ತು, ರಾಗ ಹಾಕಿದವರು ಗೊತ್ತು. ವಾದ್ಯಗಳ ಭಾಗ ಬರೆದು ಎಂಜಿಎಂಗೆ ಆ ಸೊಗಸಾದ ಧ್ವನಿ ಕೊಟ್ಟ ಕಾನ್ರಾಡ್ ಸಾಲಿಂಜರ್ ಯಾರಿಗೆ ಗೊತ್ತು? 1950ರಲ್ಲಿ ನ್ಯಾಟ್ ಕಿಂಗ್ ಕೋಲ್ ಹಾಡಿದ ‘ಮೋನಾ ಲೀಸಾ’ದ ಅರೇಂಜ್‌ಮೆಂಟ್ ಬರೆದದ್ದು ನೆಲ್ಸನ್ ರಿಡಲ್, ಹೆಸರು ಬಂದದ್ದು ಲೆಸ್ ಬ್ಯಾಕ್ಸ್ಟರ್‌ಗೆ! ಪುಣ್ಯಕ್ಕೆ ರಿಡಲ್ ಕಾಗದಗಳು ಅರಿಜೋನಾ ವಿಶ್ವವಿದ್ಯಾಲಯ ಸೇರಿ ಉಳಿದುಕೊಂಡವು. ಸಾಲಿಂಜರ್‌ಗೆ ಆ ಅದೃಷ್ಟ ಇರಲಿಲ್ಲ.

ಬಿಡುವಾದಾಗ 2009ರ ಆ ಕಾರ್ಯಕ್ರಮ ಹುಡುಕಿ ಕೇಳಿ. ಹಾಡುವವರನ್ನು ಸ್ವಲ್ಪ ಹೊತ್ತು ಬಿಟ್ಟು, ಹಿಂದೆ ಪಿಟೀಲುಗಳು ಏನು ಮಾಡ್ತಿವೆ ಅಂತ ಗಮನಿಸಿ. ಅದು ಸಾಲಿಂಜರ್.