ಗುಳಿಕಕಾಲದಲ್ಲಿ ಶಂಕುಸ್ಥಾಪನೆ

ಸಾಹಿತ್ಯ, ನಾಟಕ, ಜಾನಪದ, ಯಕ್ಷಗಾನ, ಬಯಲಾಟ, ಶಿಲ್ಪಕಲೆ, ತುಳು, ಕೊಂಕಣಿ, ಕೊಡವ, ಬ್ಯಾರಿ ಎಂದು ಒಂದೊಂದಕ್ಕೂ ಅಕಾಡೆಮಿ ಕಟ್ಟಿಕೊಟ್ಟಿರುವ ನಮ್ಮ ರಾಜ್ಯವು, ತಾನು ದಿನನಿತ್ಯ ಎಲ್ಲಕ್ಕಿಂತ ಧಾರಾಳವಾಗಿ ಖರ್ಚು ಮಾಡುವ ಕಾಲಕ್ಕೆ ಮಾತ್ರ ಒಂದು ಅಕಾಡೆಮಿಯನ್ನು ಕೊಡದೆ ಬಿಟ್ಟಿರುವುದು ದೊಡ್ಡ ಲೋಪ. ಅದನ್ನು ತುಂಬಲೆಂದು ನಾನು ಮನಸ್ಸಿನಲ್ಲೇ ಒಂದು ಕಾಲ ಅಕಾಡೆಮಿಯನ್ನು ಸ್ಥಾಪಿಸಿದ್ದೇನೆ. ಸಂಶೋಧನೆಗೆ ಅನುದಾನ ಬೇಕಾಗಿಲ್ಲ; ಬೇಕಾದ ಸಂಶೋಧನೆಯನ್ನೆಲ್ಲ ನಮ್ಮ ಕಚೇರಿಗಳು ಆಗಲೇ ಮಾಡಿ ಮುಗಿಸಿವೆ. ಬರೆದಿಡುವವರು ಇರಲಿಲ್ಲ, ಅಷ್ಟೆ.

ಅಕಾಡೆಮಿಯ ಮೊದಲ ಪ್ರಬಂಧ ಹಾಜರಾತಿಯ ಕುರಿತದ್ದು. ಭಾರತೀಯ ಪ್ರಮಾಣಕಾಲವನ್ನು 1906ರಲ್ಲಿ ಪೂರ್ವ ರೇಖಾಂಶ 82.5 ಡಿಗ್ರಿಗೆ ಕಟ್ಟಿಹಾಕಲಾಯಿತು. ಆ ರೇಖೆ ಉತ್ತರಪ್ರದೇಶದ ಮಿರ್ಜಾಪುರದ ಬಳಿ ಹಾದುಹೋಗುತ್ತದೆ. ಒಂದು ಡಿಗ್ರಿ ದಾಟಲು ಸೂರ್ಯನಿಗೆ 4 ನಿಮಿಷ ಬೇಕು. ಬೆಂಗಳೂರು ಇರುವುದು ಸುಮಾರು 77.6 ಡಿಗ್ರಿಯಲ್ಲಿ, ಆದ್ದರಿಂದ ಮಿರ್ಜಾಪುರದ ನೆತ್ತಿಯ ಮೇಲೆ ನಿಂತ ಸೂರ್ಯ ನಮ್ಮ ನೆತ್ತಿಗೆ ಬರುವಷ್ಟರಲ್ಲಿ ಹೆಚ್ಚುಕಡಿಮೆ 20 ನಿಮಿಷ ಕಳೆದಿರುತ್ತದೆ. ಹೀಗಿರುವಾಗ 10 ಗಂಟೆಯ ಕಚೇರಿಗೆ 10.20ಕ್ಕೆ ಬರುವ ಗುಮಾಸ್ತರನ್ನು ತಡವಾಗಿ ಬಂದವರೆಂದು ಕರೆಯುವುದು ಖಗೋಳಶಾಸ್ತ್ರಕ್ಕೆ ಮಾಡುವ ಅವಮಾನವೆಂದು ಪ್ರಬಂಧವು ಸಾರುತ್ತದೆ. ಇನ್ನೂ ಪಶ್ಚಿಮಕ್ಕಿರುವ ಕಾರವಾರದ ನೌಕರರಿಗೆ 33 ನಿಮಿಷಗಳವರೆಗೆ ಸೂರ್ಯನೇ ರಜೆ ಮಂಜೂರು ಮಾಡಿದ್ದಾನೆ. ಸಂಜೆ ಇದೇ ಸೂರ್ಯನನ್ನು ನಂಬಿ 5.50ರವರೆಗೆ ಕೂರಬೇಕಲ್ಲವೇ ಎಂದು ಯಾರೋ ಅಧಿಕಪ್ರಸಂಗಿ ಕೇಳಿದಾಗ, ಬರುವುದು ಸ್ಥಳೀಯ ಕಾಲಮಾನದಲ್ಲಿ, ಹೋಗುವುದು ರಾಷ್ಟ್ರೀಯ ಕಾಲಮಾನದಲ್ಲಿ ಎಂದು ಅಕಾಡೆಮಿಯು ನಿರ್ಣಯ ಅಂಗೀಕರಿಸಿತು. ದೇಶಪ್ರೇಮ ಸಂಜೆಯ ಹೊತ್ತಿಗೆ ಜಾಸ್ತಿಯಾಗುವುದು ಸಹಜ.

ಕಾಲದ ಬೆಲೆ ಎಷ್ಟೆಂದು ತತ್ತ್ವಜ್ಞಾನಿಗಳು ತಲೆಕೆಡಿಸಿಕೊಂಡದ್ದೂ ವ್ಯರ್ಥವೇ. ಸೇವೆಗಳನ್ನು ನಿಗದಿತ ಅವಧಿಯಲ್ಲಿ ಒದಗಿಸಬೇಕೆಂದು 2011ರಲ್ಲಿ ಮಾಡಿದ, ಜನ ಸಕಾಲವೆಂದು ಕರೆಯುವ ಕಾಯ್ದೆಯು ಅದನ್ನು ಪೈಸೆಗೂ ಸಂದೇಹವಿಲ್ಲದಂತೆ ಗೊತ್ತುಪಡಿಸಿದೆ: ತಡವಾದ ಪ್ರತಿ ದಿನಕ್ಕೆ 20 ರೂಪಾಯಿ, ಒಟ್ಟಾರೆ 500 ರೂಪಾಯಿ ಮೀರುವಂತಿಲ್ಲ. ಭಾಗಾಕಾರ ಬಲ್ಲ ಯಾವ ವಿದ್ಯಾರ್ಥಿಯೂ ಇದರ ಭೌತಶಾಸ್ತ್ರೀಯ ಮಹತ್ವವನ್ನು ಕಾಣಬಲ್ಲ. ಸರ್ಕಾರಿ ಕಾಲವು 25ನೆಯ ದಿನದವರೆಗೆ ಚಲಿಸುತ್ತದೆ, ಆಮೇಲೆ ನಿಂತುಬಿಡುತ್ತದೆ. ಜಾತಿ ಪ್ರಮಾಣಪತ್ರಕ್ಕೋ ಖಾತೆ ಬದಲಾವಣೆಗೋ ಕಾದು ಕೂತವರ ಕೂದಲು 26ನೆಯ ದಿನದಿಂದಾಚೆಗೂ ನರೆಯುತ್ತದಾದರೆ ಅದು ಅವರ ಖಾಸಗಿ ಕಾಲ. ಅದಕ್ಕೆ ಇಲಾಖೆಯು ಹೊಣೆಯಲ್ಲ. ಆ 500 ರೂಪಾಯಿಯನ್ನು ಪಡೆಯಲಾದರೂ ಮೇಲ್ಮನವಿ ಸಲ್ಲಿಸಿ ಇನ್ನಷ್ಟು ಕಾಲ ತೆರಬೇಕು. ಈ ವಿನಿಮಯ ದರದ ಅಧ್ಯಯನಕ್ಕೆ ಪ್ರತ್ಯೇಕ ಪೀಠವೊಂದನ್ನು ಕಾದಿರಿಸಲಾಗಿದೆ.

ಅಳತೆಯ ವಿಭಾಗದ ಸಾಧನೆ ಇನ್ನೂ ಮಿಗಿಲು. ಸೀಸಿಯಂ ಪರಮಾಣುವಿನಿಂದ ಹೊಮ್ಮುವ ವಿಕಿರಣವು 919,26,31,770 ಬಾರಿ ಆಂದೋಲಿಸುವ ಅವಧಿಯೇ ಒಂದು ಸೆಕೆಂಡ್ ಎಂದು 1967ರಲ್ಲಿ ಜಗತ್ತು ಒಪ್ಪಿಕೊಂಡಿತು. ನಮ್ಮ ಹಿರಿಯರು ದಿನವನ್ನು 60 ಘಳಿಗೆಗಳಾಗಿ, ಘಳಿಗೆಯನ್ನು 60 ವಿಘಳಿಗೆಗಳಾಗಿ ಒಡೆದು ತೃಪ್ತರಾಗಿದ್ದರು. ಇವೆಲ್ಲಕ್ಕೂ ಮಿಗಿಲಾದ ಮಾನವೆಂದರೆ ಫಲಕಗಳ ಮೇಲೆ ಬರೆಯುವ ‘ಶೀಘ್ರದಲ್ಲೇ’. ಬೆಂಗಳೂರಿನ ಉಪನಗರ ರೈಲಿನ ಆಲೋಚನೆ ಹುಟ್ಟಿದ್ದು 1983ರಲ್ಲಿ. 2022ರ ಜೂನ್‌ನಲ್ಲಿ ಪ್ರಧಾನಿಯವರು ಶಂಕುಸ್ಥಾಪನೆ ಮಾಡಿ, 40 ವರ್ಷದಲ್ಲಿ ಆಗದ್ದನ್ನು 40 ತಿಂಗಳಲ್ಲಿ ಮಾಡಿ ತೋರಿಸುವುದಾಗಿ ಮಾತು ಕೊಟ್ಟರು. ಆ 40 ತಿಂಗಳು 2025ರ ಅಕ್ಟೋಬರ್‌ನಲ್ಲಿ ರೈಲಿಗಿಂತ ಮೊದಲೇ ನಿಲ್ದಾಣ ದಾಟಿ ಹೋದವು. ಇದರಿಂದ ವರ್ಷ ಮತ್ತು ತಿಂಗಳು ಸಮಾನಾರ್ಥಕ ಪದಗಳೆಂದು ಸಿದ್ಧವಾಯಿತು, ನಿಘಂಟುಕಾರರು ಗಮನಿಸಬೇಕು.

ವೀಕ್ಷಣಾಲಯಕ್ಕೆ ಜಾಗ ಹುಡುಕುವ ಕಷ್ಟವೂ ತಪ್ಪಿತು. ಜೈಪುರದ ಜಂತರ್ ಮಂತರ್‌ನಲ್ಲಿ ಸವಾಯಿ ಜಯಸಿಂಹ ಮಹಾರಾಜ ಕಟ್ಟಿಸಿದ ಸಮ್ರಾಟ್ ಯಂತ್ರವು ತನ್ನ ನೆರಳಿನಿಂದ 2 ಸೆಕೆಂಡುಗಳಷ್ಟು ಸೂಕ್ಷ್ಮವಾಗಿ ಹೊತ್ತನ್ನು ಹೇಳುತ್ತದೆಯಂತೆ. 2017ರಲ್ಲಿ ಶುರುವಾಗಿ 2019ರಲ್ಲಿ ಮುಗಿಯಬೇಕಿದ್ದ ಬೆಂಗಳೂರಿನ ಈಜಿಪುರ ಮೇಲ್ಸೇತುವೆಯ ಕಂಬಗಳು ಮೇಲೆ ರಸ್ತೆಯಿಲ್ಲದೆ ಬಿಸಿಲಿಗೆ ಮೈಯೊಡ್ಡಿ ನಿಂತು, ಸೆಕೆಂಡುಗಳಂಥ ಚಿಲ್ಲರೆಗೆ ಕೈಹಾಕದೆ ನೇರವಾಗಿ ವರ್ಷಗಳನ್ನೇ ಅಳೆದು ತೋರಿಸಿದವು. ನೆರಳು ಬೀಳುವ ಜಾಗದಲ್ಲಿ ನಿತ್ಯ ಸಾಲುಗಟ್ಟಿ ನಿಂತಿದ್ದ ಆಟೋ ಚಾಲಕರೇ ಅಕಾಡೆಮಿಯ ಗೌರವ ವೀಕ್ಷಕರು.

ಇನ್ನುಳಿದದ್ದು ಸ್ವಂತ ಕಟ್ಟಡದ ಶಂಕುಸ್ಥಾಪನೆ. ಮುಹೂರ್ತಕ್ಕಾಗಿ ಪಂಚಾಂಗ ಬಿಡಿಸಿದಾಗ, ಸೋಮವಾರ ಹತ್ತೂವರೆಯಿಂದ ಯಮಗಂಡ, ಶುಕ್ರವಾರ ಅದೇ ಹೊತ್ತಿಗೆ ರಾಹುಕಾಲ, ಬುಧವಾರ ಹನ್ನೆರಡರಿಂದ ರಾಹು, ಗುರುವಾರ ಒಂದೂವರೆಯಿಂದ ರಾಹು ಎಂದು ಕಚೇರಿ ವೇಳೆಯನ್ನು ಗ್ರಹಗಳು ಮೊದಲೇ ಹಂಚಿಕೊಂಡಿರುವುದು ಕಂಡುಬಂತು. ಕೊನೆಗೆ ಸಮಿತಿಯು ಮಂಗಳವಾರ ಹನ್ನೆರಡರಿಂದ ಒಂದೂವರೆಯವರೆಗಿನ ಗುಳಿಕಕಾಲವನ್ನು ಒಮ್ಮತದಿಂದ ಆರಿಸಿತು. ಗುಳಿಕಕಾಲದಲ್ಲಿ ಮಾಡಿದ ಕೆಲಸ ಮತ್ತೆ ಮತ್ತೆ ಆಗುತ್ತದೆಂಬ ನಂಬಿಕೆ ಇರುವುದರಿಂದ ಶವಸಂಸ್ಕಾರಕ್ಕೆ ಅದನ್ನು ಬಳಸುವುದಿಲ್ಲ. ಶಂಕುಸ್ಥಾಪನೆಗೆ ಅದಕ್ಕಿಂತ ಪ್ರಶಸ್ತವಾದ ಹೊತ್ತು ಬೇರೆಲ್ಲಿದೆ? ಕಲ್ಲು ಕೆತ್ತುವವರಿಗೆ ಅಡಿಪಾಯದ ನಕ್ಷೆ ಇನ್ನೂ ತಲುಪಿಲ್ಲ. ಆದರೆ ಫಲಕದಲ್ಲಿ ದಿನಾಂಕ ಮತ್ತು ಮುಖ್ಯ ಅತಿಥಿಗಳ ಹೆಸರಿನ ಜಾಗವನ್ನು ಖಾಲಿ ಬಿಟ್ಟು, ಪಕ್ಕದಲ್ಲಿ ಅಳಿಸಿ ಬರೆಯಬಹುದಾದ ಬಣ್ಣದ ಡಬ್ಬಿಯೊಂದನ್ನು ಇಟ್ಟಿರಬೇಕೆಂದು ಅವರಿಗೆ ಲಿಖಿತ ಸೂಚನೆ ಹೋಗಿದೆ.