ಯಾರಿಗೂ ನೆನಪಿಲ್ಲದ ಎರಡನೇ ಭಾಗ

ದೊಡ್ಡ ಗಲಾಟೆ ಎಬ್ಬಿಸಿದ ವಯಸ್ಕರ ಸಿನಿಮಾಗಳಿಗೂ ಎರಡನೇ ಭಾಗ ಬರುತ್ತದೆ. ಆದರೆ ಅದು ಬಂದದ್ದಾಗಲಿ ಹೋದದ್ದಾಗಲಿ ಹೆಚ್ಚಿನವರಿಗೆ ಗೊತ್ತೇ ಇರುವುದಿಲ್ಲ. ಅಮೆರಿಕದ ನೀಲಿಚಿತ್ರ 'ಡೀಪ್ ಥ್ರೋಟ್'ಗೆ ಎರಡನೇ ಭಾಗ ಇತ್ತು ಅಂತ ನಿಮಗೆ ಗೊತ್ತಿತ್ತಾ?

ಮೊದಲನೆಯದು ನ್ಯೂಯಾರ್ಕ್‌ನಲ್ಲಿ ತೆರೆ ಕಂಡದ್ದು 1972ರ ಜೂನ್‌ನಲ್ಲಿ. ಖರ್ಚು ಸುಮಾರು 25 ಸಾವಿರ ಡಾಲರ್. ಕಥೆ ಅಂತ ಹೇಳಿಕೊಳ್ಳುವಂಥದ್ದೇನೂ ಇರಲಿಲ್ಲ. ಆದರೂ ಇಂಥ ಸಿನಿಮಾದ ಕಡೆ ತಲೆಯೂ ಹಾಕದವರು ಜೋಡಿಯಾಗಿ ಬಂದು ಕ್ಯೂ ನಿಂತರು. ಮರುವರ್ಷ ಅಲ್ಲಿನ ನ್ಯಾಯಾಧೀಶರೊಬ್ಬರು ಇದು ಅಶ್ಲೀಲ ಎಂದು ತೀರ್ಪು ಕೊಟ್ಟರು. ಥಿಯೇಟರಿನವರು ಸುಮ್ನಿರಲಿಲ್ಲ. ಥ್ರೋಟ್ ಅಂದರೆ ಗಂಟಲು ತಾನೇ, ಜಡ್ಜ್ ಗಂಟಲು ಕುಯ್ದರು, ಲೋಕವೇ ಶೋಕದಲ್ಲಿದೆ ಅಂತ ಬೋರ್ಡ್ ಹಾಕಿದರು! ನಿಷೇಧಕ್ಕಿಂತ ಒಳ್ಳೆ ಜಾಹೀರಾತು ಇನ್ನೊಂದಿಲ್ಲ.

ಅದೇ ವರ್ಷ ಜೂನ್‌ನಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್, ಯಾವುದು ಅಶ್ಲೀಲ ಎಂದು ಆಯಾ ಊರಿನ ಜನರ ಅಳತೆಗೋಲಿನಲ್ಲೇ ನೋಡಬಹುದು ಎಂದಿತು. 1974ರಲ್ಲಿ ಬಂದ ಎರಡನೇ ಭಾಗ ಹೀಗಾಗಿ ಬಟ್ಟೆ ಸರಿಮಾಡಿಕೊಂಡೇ ಬಂತು. ಸಿಕ್ಕಿದ್ದು 'ಆರ್' ಸರ್ಟಿಫಿಕೇಟ್, ಅಂದರೆ ದೊಡ್ಡವರು ಜೊತೆಗಿದ್ದರೆ ಚಿಕ್ಕವರೂ ನೋಡಬಹುದು. ಮೊದಲನೆಯದರಲ್ಲಿ ಇದ್ದದ್ದು ಬೇಕು ಎಂದವರಿಗೆ ಅದು ಸಿಗಲಿಲ್ಲ. ಕಥೆ ಬೇಕು ಎಂದವರು ಈ ಹೆಸರು ನೋಡಿ ಬರುವವರೇ ಅಲ್ಲ. ಸಿನಿಮಾ ಮಕಾಡೆ ಮಲಗಿತು. ನನ್ನ ಪ್ರಕಾರ ಜನ ಮೊದಲ ಸಲ ಟಿಕೆಟ್ ಕೊಂಡದ್ದು 'ನಾನೂ ನೋಡಿದೆ' ಅಂತ ಹೇಳಿಕೊಳ್ಳೋದಕ್ಕೆ. ಅದನ್ನು ಎರಡನೇ ಸಲ ಮಾರೋದು ಹೇಗೆ?

ಫ್ರಾನ್ಸಿನ 'ಎಮ್ಯಾನುಯೆಲ್' ದಾರಿ ಬೇರೆ. 1974ರಲ್ಲಿ ಮೊದಲನೆಯದು, 1975ರಲ್ಲಿ ಎರಡನೆಯದು, ಆಮೇಲೆ ಸಾಲು ಸಾಲು. ಹೆಸರೇ ಒಂದು ಬ್ರ್ಯಾಂಡ್ ಆಯಿತು. 2024ರಲ್ಲಿ ಆಡ್ರೆ ದಿವಾನ್ ಎಂಬ ನಿರ್ದೇಶಕಿ ಅದೇ ಹೆಸರಲ್ಲಿ ಹೊಸದಾಗಿ ತೆಗೆದರು. ಆ ಹಳೆ ಗಲಾಟೆ ಮಾತ್ರ ಮತ್ತೆ ಏಳಲಿಲ್ಲ.

ಆದರೆ 'ಡೀಪ್ ಥ್ರೋಟ್'ನ ನಿಜವಾದ ಎರಡನೇ ಭಾಗ ಬಂದದ್ದು 1980ರಲ್ಲಿ, ಪುಸ್ತಕವಾಗಿ. ಬರೆದವರು ನಾಯಕಿ ಲಿಂಡಾ ಲವ್‌ಲೇಸ್. ಗಂಡ ಹೊಡೆದು, ಬಂದೂಕು ತೋರಿಸಿ ತನ್ನಿಂದ ಇದನ್ನೆಲ್ಲ ಮಾಡಿಸಿದ ಎಂದರು. 1986ರಲ್ಲಿ ಸರ್ಕಾರಿ ಆಯೋಗದ ಮುಂದೆಯೂ ಅದನ್ನೇ ಹೇಳಿದರು. 'ಆಗ ನಗ್ತಾ ಇದ್ದೆಯಲ್ಲ?' ಎಂದು ಕೇಳಿದವರಿಗೇನೂ ಕಡಿಮೆ ಇರಲಿಲ್ಲ. ಬಂದೂಕು ಹಿಡಿದವನು ನಗು ಅಂದರೆ ಯಾರಾದರೂ ನಗುತ್ತಾರೆ, ಅಲ್ವಾ?

ಆ ಸಿನಿಮಾವನ್ನು ಸ್ವಾತಂತ್ರ್ಯದ ಗುರುತು ಅಂತ ಹೊಗಳುವವರು ಈಗಲೂ ಇದ್ದಾರೆ. ಸೆನ್ಸಾರ್ ಮಾಡುವವರ ಮೇಲೆ ನನಗೂ ಪ್ರೀತಿ ಇಲ್ಲ. ಆದರೆ ಪರ ವಿರೋಧ ಅಂತ ಎರಡೂ ಕಡೆಯವರು ಎಂಟು ವರ್ಷ ಕಿತ್ತಾಡಿದರಲ್ಲ, ಆಕೆಯನ್ನು ಒಂದು ಮಾತು ಕೇಳಿದವರು ಎಷ್ಟು ಜನ? ಹೊಡೆತದ ಗುರುತುಗಳು ತೆರೆಯ ಮೇಲೆಯೇ ಕಾಣುತ್ತವೆ ಎಂದು ಆಕೆ ಹೇಳಿದ್ದರು. ಅಷ್ಟು ಲಕ್ಷ ಜನ ದುಡ್ಡು ಕೊಟ್ಟು, ಕಣ್ಣು ಬಿಟ್ಟುಕೊಂಡು ನೋಡಿದ್ದರು.